ಗೀಸರ್‌ನ ನಲ್ಲಿ ಮುಟ್ಟಿದಾಗ ಜುಮ್ಮೆನ್ನುತ್ತಿದ್ದರೆ ಅರ್ಥ್‌ನಿಂದ ನ್ಯೂಟ್ರಲ್‌ಗೆ ಲಿಂಕ್ ಕೊಡಿಸಬೇಡಿ

ಗೀಸರ್‌ನ ನಲ್ಲಿ ಮುಟ್ಟಿದರೆ ಜುಮ್ಮೆನ್ನುತ್ತದೆ, ಸಾಕೆಟ್‌ನಲ್ಲಿ ಅರ್ಥ್ ಪಿನ್‌ಗೂ (ಸೋರುವ ಕರೆಂಟನ್ನು ನೆಲಕ್ಕೆ ಒಯ್ಯುವ ಪಿನ್) ನ್ಯೂಟ್ರಲ್‌ಗೂ (ಕರೆಂಟು ವಾಪಸ್ ಹೋಗುವ ವೈರ್) ಒಂದು ತುಂಡು ವೈರ್ ಹಾಕಿದರೆ ಸರಿಹೋಗುತ್ತದೆ ಎಂದು ಎಲೆಕ್ಟ್ರಿಷಿಯನ್ ಹೇಳಿದ್ದಾರೆ ಅಂತ ಬರೆದಿದ್ದಿರಲ್ವಾ? ದಯವಿಟ್ಟು ಬೇಡ. ಜುಮ್ಮೆನ್ನುವುದು ನಿಲ್ಲಬಹುದು, ಅಪಾಯ ಮಾತ್ರ ಜಾಸ್ತಿಯಾಗುತ್ತದೆ. ಮುಂದೆ ಎಲ್ಲಾದರೂ ನ್ಯೂಟ್ರಲ್ ಕಟ್ಟಾದರೆ ಆ ತುಂಡು ವೈರ್ ಮೂಲಕವೇ ಗೀಸರ್ ಮೈಗೆ 230 ವೋಲ್ಟ್ ಬರುತ್ತದೆ. ಸೋರುವ ಕರೆಂಟು ಅದೇ ನ್ಯೂಟ್ರಲ್‌ನಲ್ಲಿ ವಾಪಸ್ ಹೋಗುವುದರಿಂದ ಆರ್‌ಸಿಸಿಬಿಗೂ (ಕರೆಂಟು ಸೋರಿದರೆ ತಾನೇ ಆಫ್ ಆಗುವ ಸ್ವಿಚ್) ಗೊತ್ತಾಗುವುದಿಲ್ಲ.

ಈಗಲೇ ಗೀಸರ್ ಎಂಸಿಬಿ (ಮೇನ್ ಬೋರ್ಡಿನಲ್ಲಿರುವ ಅದರ ಸ್ವಿಚ್) ಆಫ್ ಮಾಡಿ. ರಿಪೇರಿ ಆಗುವವರೆಗೆ ಬಿಸಿನೀರು ಒಲೆ ಮೇಲೆ ಕಾಯಲಿ.

ಇಲ್ಲಿ ತಪ್ಪು ಎರಡು ಕಡೆ ಇರಬಹುದು. ಗೀಸರ್ ಕಾಯಿಲ್‌ನಿಂದ ಕರೆಂಟು ಸೋರುತ್ತಿರಬಹುದು, ಹಾಗಿದ್ದರೆ ಅದನ್ನು ಬದಲಿಸಬೇಕು. ಜೊತೆಗೆ ಅರ್ಥ್ ವೈರ್ ಎಲ್ಲೋ ತುಂಡಾಗಿರಬಹುದು. ನಮ್ಮ ಮನೆಯಲ್ಲೂ ಹೀಗೇ ಆಗಿತ್ತು. ನೆಲದಲ್ಲಿ ಅರ್ಥ್ ಪೈಪ್ ಹೂತಿರುವ ಗುಂಡಿಯ ಮುಚ್ಚಳ ತೆಗೆದು ನೋಡಿದರೆ ಪೈಪಿಗೆ ಬಿಗಿದಿದ್ದ ಬೋಲ್ಟ್ ತುಕ್ಕು ಹಿಡಿದು ಪುಡಿಯಾಗಿತ್ತು, ವೈರ್ ಪಕ್ಕದಲ್ಲಿ ಸುಮ್ನೆ ಬಿದ್ದಿತ್ತು. ನೀವೂ ಮೊದಲು ಅಲ್ಲಿ ನೋಡಿಸಿ.

ಬಚ್ಚಲಲ್ಲಿ ಕಬ್ಬಿಣದ ಪೈಪ್ ಇದ್ದರೆ ಅದನ್ನೂ ಹಸಿರು ವೈರ್‌ನಿಂದ ಅರ್ಥ್‌ಗೆ ಜೋಡಿಸಲಿ. ಆಗ ನಲ್ಲಿಗೂ ಗೀಸರ್‌ಗೂ ನಡುವೆ ವೋಲ್ಟೇಜ್ ವ್ಯತ್ಯಾಸ ಉಳಿಯುವುದಿಲ್ಲ. 30 ಮಿಲಿಆಂಪ್ ಆರ್‌ಸಿಸಿಬಿ ಇಲ್ಲದಿದ್ದರೆ ಈ ಕೆಲಸದ ಜೊತೆಗೇ ಹಾಕಿಸಿ. ಮನೆಯಲ್ಲಿ ಚಿಕ್ಕ ಮಕ್ಕಳಿದ್ದಾರೆ ಎಂದು ಬರೆದಿದ್ದೀರಿ, ನಾಳೆಗೆ ಮುಂದೂಡಬೇಡಿ.