ಶಿಫ್ಟ್ ಡಿಲೀಟ್ ಒತ್ತಿದ ಮೇಲೆ ಫೋಲ್ಡರ್ ವಾಪಸ್ ಸಿಗುತ್ತಾ?

ಡಿ ಡ್ರೈವ್‌ನಲ್ಲಿದ್ದ ಮದುವೆ ಫೋಟೋಗಳನ್ನು ಶಿಫ್ಟ್ ಡಿಲೀಟ್ ಒತ್ತಿ ಅಳಿಸಿಬಿಟ್ಟೆ, ರೀಸೈಕಲ್ ಬಿನ್‌ನಲ್ಲೂ ಇಲ್ಲ, ಯಾವ ಸಾಫ್ಟ್‌ವೇರ್ ಹಾಕಲಿ ಅಂತ ಕೇಳಿದ್ದೀರಿ. ಸಾಫ್ಟ್‌ವೇರ್ ಆಮೇಲೆ. ಮೊದಲು ಡಿ ಡ್ರೈವ್‌ಗೆ ಏನನ್ನೂ ಕಾಪಿ ಮಾಡಬೇಡಿ, ಡೌನ್‌ಲೋಡೂ ಬೇಡ.

ಡಿಲೀಟ್ ಅಂದರೆ ಪಹಣಿಯಲ್ಲಿ ಹೆಸರು ಹೊಡೆದು ಹಾಕಿದ ಹಾಗೆ. ಬೆಳೆ ಹೊಲದಲ್ಲೇ ನಿಂತಿರುತ್ತದೆ, ಬೇರೆಯವರು ಬಂದು ಉಳುವ ತನಕ. ಆದರೆ ಇದು ಹಳೇ ಹಾರ್ಡ್ ಡಿಸ್ಕ್ ಮಾತು. ಎಸ್‌ಎಸ್‌ಡಿ, ಅಂದರೆ ತಿರುಗುವ ತಟ್ಟೆ ಇಲ್ಲದ ಚಿಪ್ಪಿನ ಡಿಸ್ಕ್ ಆದರೆ ವಿಂಡೋಸ್ ಆಗಲೇ ಟ್ರಿಮ್ ಅನ್ನೋ ಆದೇಶ ಕೊಟ್ಟಿರುತ್ತದೆ. ಆ ಜಾಗವನ್ನು ಡಿಸ್ಕೇ ಖಾಲಿ ಮಾಡಿಕೊಳ್ಳುತ್ತದೆ, ಆಸೆ ಕಡಿಮೆ. ನಿಮ್ಮದು ಯಾವುದು ಅಂತ ಟಾಸ್ಕ್ ಮ್ಯಾನೇಜರ್‌ನ ಪರ್ಫಾರ್ಮೆನ್ಸ್ ಟ್ಯಾಬ್‌ನಲ್ಲಿ ನೋಡಿ.

ಹಾರ್ಡ್ ಡಿಸ್ಕ್ ಆದರೆ ಮೊದಲು ರಿಕುವಾ ಅನ್ನೋ ಸಾಫ್ಟ್‌ವೇರ್ ಓಡಿಸಿ. ಫೈಲ್ ಹೆಸರೂ ಸಿಗುವ ಚಾನ್ಸ್ ಇದೆ. ಅದರಲ್ಲಿ ಆಗದಿದ್ದರೆ ಫೋಟೋರೆಕ್. ಪೂರ್ತಿ ಉಚಿತ, ಇನ್‌ಸ್ಟಾಲ್ ಮಾಡುವುದೂ ಬೇಡ, ಪೆನ್‌ಡ್ರೈವ್‌ನಿಂದಲೇ ಓಡುತ್ತದೆ. ಸಿಕ್ಕಿದ್ದನ್ನು ಮಾತ್ರ ಬೇರೆ ಡಿಸ್ಕ್‌ಗೆ ಸೇವ್ ಮಾಡಿ. ಮತ್ತೆ ಡಿ ಗೇ ಹಾಕಿದರೆ ಉಳಿದ ಫೋಟೋಗಳ ಮೇಲೆ ನೀವೇ ನೇಗಿಲು ಹೊಡೆದ ಹಾಗೆ.

ನಾನು ಹೀಗೇ ಅಪ್ಪನ ಫೋಲ್ಡರ್ ಅಳಿಸಿದ್ದೆ. ಅಕ್ಕನ ಮದುವೆ ಖರ್ಚಿನ ಲೆಕ್ಕವೆಲ್ಲ ಅದರಲ್ಲಿತ್ತು. 500 ಜಿಬಿ ಡಿಸ್ಕ್, ಫೋಟೋರೆಕ್ ರಾತ್ರಿಯಿಡೀ ಓಡಿತು. ಅದು ಹೆಸರು ನೋಡುವುದಿಲ್ಲ, ಫೈಲ್ ಶುರುವಾಗುವ ಗುರುತು ನೋಡಿ ಎತ್ತುತ್ತದೆ. ಬೆಳಗ್ಗೆ ನೋಡಿದರೆ ಎಫ್ ಅಕ್ಷರದ ಮುಂದೆ ಬರೀ ನಂಬರ್ ಇರುವ ಸಾವಿರಾರು ಫೈಲು. ಒಂದೊಂದೇ ತೆರೆದೆ. ಒಂದರಲ್ಲಿ ಸೊಟ್ಟಪಟ್ಟ ಇಂಗ್ಲಿಷ್ ಅಕ್ಷರ, ತಲೆ ಮೇಲೆ ಚುಕ್ಕಿ, ಗೀಟು. ಹಾಳಾಗಿದೆ ಅಂತ ಇನ್ನೇನು ಅದನ್ನೂ ಡಿಲೀಟ್ ಮಾಡಬೇಕು, ಆಗ ಹೊಳೆಯಿತು: ಅಪ್ಪ ಟೈಪ್ ಮಾಡುತ್ತಿದ್ದದ್ದು ನುಡಿ ಅನ್ನೋ ಕನ್ನಡ ಸಾಫ್ಟ್‌ವೇರ್‌ನಲ್ಲಿ, ನನ್ನ ಲ್ಯಾಪ್‌ಟಾಪ್‌ನಲ್ಲಿ ಆ ಫಾಂಟೇ ಇಲ್ಲ! ನುಡಿ ಹಾಕಿ ಮತ್ತೆ ತೆರೆದೆ. ಮೊದಲ ಸಾಲು, ‘ಬೆಲ್ಲ 10 ಕೆಜಿ’.

ಡಿಸ್ಕ್ ಟಕ್ ಟಕ್ ಅಂತ ಸದ್ದು ಮಾಡುತ್ತಿದ್ದರೆ ಇದ್ಯಾವುದೂ ಬೇಡ. ಆಫ್ ಮಾಡಿ ಡೇಟಾ ರಿಕವರಿ ಮಾಡುವವರ ಹತ್ತಿರ ಒಯ್ಯಿರಿ.

ಅಂದ ಹಾಗೆ, ಮದುವೆ ಫೋಟೋಗ್ರಾಫರ್‌ಗೆ ಫೋನ್ ಮಾಡಿದಿರಾ? ಅವರ ಹತ್ತಿರ ಕಾಪಿ ಇದ್ದರೂ ಇರಬಹುದು ಅಲ್ವಾ.