ಅಣ್ಣಾವ್ರಿಗೂ ಶಿವಾಜಿಗೂ ಮೊದಲ ನಾಯಕಿ

ಪ್ರಶ್ನೆ: ಅಕ್ಕಾ, ನಮ್ಮದು ತಾಳವಾಡಿ, ಅಣ್ಣಾವ್ರ ಗಾಜನೂರಿನ ಕಡೆ. ಮನೆಯಲ್ಲಿ ಕನ್ನಡ, ಪೇಟೆಗೆ ಹೋದರೆ ತಮಿಳು. ಮೊನ್ನೆ ಟಿವಿಯಲ್ಲಿ ರಜನಿಕಾಂತ್ ಅವರ ‘ಮನ್ನನ್’ ಬಂತು. ಪಂಢರಿಬಾಯಿ ಅವರನ್ನು ನೋಡಿ ಪಕ್ಕದ ಮನೆಯವರು “ಇವರು ನಮ್ಮ ತಮಿಳು ಸಿನಿಮಾದ ಅಮ್ಮ” ಅಂದರು. ಇವರು ಕನ್ನಡದವರಲ್ವಾ? ಅಮ್ಮನ ಪಾತ್ರ ಬಿಟ್ಟು ಬೇರೇನೂ ಮಾಡಿಲ್ವಾ?

ಉತ್ತರ: ನಿಮ್ಮ ಪಕ್ಕದ ಮನೆಯವರು ಹೇಳಿದ್ದು ಸುಳ್ಳಲ್ಲ ತಂಗಿ, ಆದರೆ ಅದು ಅರ್ಧ ಮಾತು. ಪಂಢರಿಬಾಯಿ ಹುಟ್ಟಿದ್ದು ಭಟ್ಕಳದಲ್ಲಿ. ಹರಿಕಥೆ ಮಾಡುತ್ತಿದ್ದ ಹುಡುಗಿ, 1943ರ ‘ವಾಣಿ’ಯಿಂದ ಸಿನಿಮಾಕ್ಕೆ ಬಂದರು. ಆಗ ಕನ್ನಡ ಚಿತ್ರಗಳೂ ಜಾಸ್ತಿ ತಯಾರಾಗುತ್ತಿದ್ದದ್ದು ಮದ್ರಾಸಿನಲ್ಲೇ. ಬೆಳಗ್ಗೆ ಒಂದು ಭಾಷೆ, ಸಂಜೆ ಇನ್ನೊಂದು ಭಾಷೆ ಅನ್ನೋದು ಹೊಸೂರಿನಲ್ಲಿರುವ ನನಗೂ ಹೊಸದಲ್ಲ, ನಿಮಗೂ ಹೊಸದಲ್ಲ. ಅವರನ್ನು ಒಂದೇ ಕಡೆಗೆ ಎಳೆದುಕೊಳ್ಳುವ ಅಗತ್ಯ ಏನಿದೆ?

ನಿಮ್ಮ ಎರಡನೇ ಪ್ರಶ್ನೆ ಓದಿ ಮನಸ್ಸಿಗೆ ನೋವಾಯಿತು. ತಪ್ಪು ನಿಮ್ಮದಲ್ಲ, ಟಿವಿಯಲ್ಲಿ ಮತ್ತೆ ಮತ್ತೆ ಬರೋದು ಆ ಸಿನಿಮಾಗಳೇ. 1952ರ ‘ಪರಾಶಕ್ತಿ’ ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ. ಅದರ ನಾಯಕಿ ಇವರು. ಮಾತು ಬರೆದವರು ಕರುಣಾನಿಧಿ. ಆ ಚಿತ್ರ ಅಂದ ಕೂಡಲೇ ಎಲ್ಲರೂ ಶಿವಾಜಿಯ ಕೋರ್ಟಿನ ಭಾಷಣವನ್ನೇ ನೆನೆಯುತ್ತಾರೆ. ಆದರೆ ನಿನ್ನ ಕಷ್ಟ ಒಂದೇ ಕಷ್ಟವಲ್ಲ, ಸುತ್ತ ಇರುವ ಬಡವರನ್ನೂ ನೋಡು ಅಂತ ಅವನ ಕಣ್ಣು ತೆರೆಸುವವಳು ಪಂಢರಿಬಾಯಿಯ ವಿಮಲಾ. 1954ರಲ್ಲಿ ‘ಬೇಡರ ಕಣ್ಣಪ್ಪ’ ಬಂತು. ಅಣ್ಣಾವ್ರು ಮೊದಲ ಸಲ ನಾಯಕರಾದ ಆ ಚಿತ್ರದಲ್ಲಿ ಬೇಡತಿ ನೀಲಾ ಕೂಡ ಇವರೇ. ಎರಡು ನಾಡಿನ ಎರಡು ಮೇರು ನಟರು, ಇಬ್ಬರಿಗೂ ಮೊದಲ ನಾಯಕಿ ಒಬ್ಬರೇ!

ನನಗೆ ತುಂಬ ಇಷ್ಟವಾದದ್ದು 1965ರ ‘ಸತ್ಯ ಹರಿಶ್ಚಂದ್ರ’ದ ಚಂದ್ರಮತಿ. ಸತ್ತ ಮಗನನ್ನು ಹೊತ್ತು ಸುಡುಗಾಡಿಗೆ ಬಂದವಳ ಹತ್ತಿರ ಕಾವಲುಗಾರ ಸುಂಕ ಕೇಳುತ್ತಾನೆ. ಕೇಳುವವನು ಅವಳ ಗಂಡನೇ. ಸ್ವಲ್ಪ ಹದ ತಪ್ಪಿದರೂ ಬರೀ ಗೋಳಾಟ ಆಗಿಬಿಡುವ ಜಾಗ ಅದು. ಇವರ ಅಳುವಿನಲ್ಲೂ ಒಂದೊಂದು ಮಾತೂ ಬಿಡಿಸಿ ಕೇಳಿಸುತ್ತದೆ. ಮೈಕಿಲ್ಲದೆ ಕಡೇ ಸಾಲಿಗೂ ಕಥೆ ಮುಟ್ಟಿಸಬೇಕಾದ ಹರಿಕಥೆಯ ಅಭ್ಯಾಸ ಅದು ಅಂತಲೇ ನನ್ನ ನಂಬಿಕೆ.

ಇನ್ನು ಅಮ್ಮನ ಪಾತ್ರಕ್ಕೆ ಬರೋಣ. ‘ಮನ್ನನ್’ ಕನ್ನಡದ ‘ಅನುರಾಗ ಅರಳಿತು’ ಚಿತ್ರದ ರೀಮೇಕ್. 1986ರಲ್ಲಿ ಅಣ್ಣಾವ್ರಿಗೆ ತಾಯಿಯಾಗಿದ್ದವರನ್ನೇ 1992ರಲ್ಲಿ ರಜನಿಗೂ ತಾಯಿ ಮಾಡಿದರು. ಹಾಸಿಗೆ ಹಿಡಿದ ಅಮ್ಮ, ಓಡಾಡುವ ಹಾಗಿಲ್ಲ, ಮಗನೇ ಸೇವೆ ಮಾಡಬೇಕು. ನಟಿಗೆ ಉಳಿಯೋದು ಮುಖ ಒಂದೇ. ಅಷ್ಟರಲ್ಲೇ ಗೆದ್ದರು. ಪಾತ್ರ ದೊಡ್ಡದೇ. ಆದರೆ ಒಂದು ಮಾತು ಹೇಳಲೇಬೇಕು. ಅಣ್ಣಾವ್ರಿಗೂ ಇವರಿಗೂ ಹೆಚ್ಚುಕಡಿಮೆ ಒಂದೇ ವಯಸ್ಸು. ಕಣ್ಣಪ್ಪ ನಾಯಕನಾಗಿಯೇ ಉಳಿದ, ನೀಲಾ ಅವನ ತಾಯಿಯಾದಳು. ಅಣ್ಣಾವ್ರ ಮೇಲೆ ನನಗಿರುವ ಪ್ರೀತಿ ನಿಮಗೆ ಗೊತ್ತು. ಆದರೂ ಇದು ನಮ್ಮ ಚಿತ್ರರಂಗ ನಟಿಯರಿಗೆ ಮಾಡಿದ ಅನ್ಯಾಯ ಅಂತಲೇ ಹೇಳುತ್ತೇನೆ.

ನೀವು ಮೊದಲು ನೋಡಬೇಕಾದದ್ದು 1954ರ ತಮಿಳು ಚಿತ್ರ ‘ಅಂದ ನಾಳ್’. ಒಂದೇ ಒಂದು ಹಾಡಿಲ್ಲ. ಯುದ್ಧದ ಕಾಲದ ಮದ್ರಾಸಿನಲ್ಲಿ ಒಬ್ಬ ರೇಡಿಯೋ ಎಂಜಿನಿಯರ್ ಗುಂಡೇಟಿಗೆ ಸಾಯುತ್ತಾನೆ. ಸತ್ತವನು ಶಿವಾಜಿ, ಹೆಂಡತಿ ಪಂಢರಿಬಾಯಿ. ಕೊಂದವರು ಯಾರು ಅಂತ ಪೊಲೀಸರು ವಿಚಾರಿಸುತ್ತಾ ಹೋದಂತೆ ಒಬ್ಬೊಬ್ಬರದು ಒಂದೊಂದು ಕಥೆ. ಇಷ್ಟೇ ಹೇಳುತ್ತೇನೆ, ಮುಂದಿನದನ್ನು ನೀವೇ ನೋಡಿ. ಪಕ್ಕದ ಮನೆಯವರನ್ನೂ ಕೂರಿಸಿಕೊಳ್ಳಿ, ಕಷ್ಟದ ತಮಿಳು ಬಂದಾಗ ಅವರು ಹೇಳಿಕೊಡಲಿ. ಮುಂದಿನ ಭಾನುವಾರ ಅವರಿಗೆ ನೀವು ‘ಬೇಡರ ಕಣ್ಣಪ್ಪ’ ತೋರಿಸಿ.