ಹೊರಾಂಗಣಕ್ಕೆ ಹೋದರೆ ಸಾಕೆ?

ಪ್ರಶ್ನೆ: ಮಲಯಾಳಂ ಸಿನಿಮಾಗಳಲ್ಲಿ ಊರಿನ ಸೊಗಡು ಅಷ್ಟು ಚೆನ್ನಾಗಿ ಬರುವುದು ಹೊರಾಂಗಣ ಚಿತ್ರೀಕರಣದಿಂದಲೇ? ನಮ್ಮವರೂ ಹಳ್ಳಿಗೆ ಹೋಗಿ ಶೂಟಿಂಗ್ ಮಾಡುತ್ತಾರಲ್ಲ?
— ಓದುಗರೊಬ್ಬರು, ತರೀಕೆರೆ

ಸಂಪಾದಕರ ಉತ್ತರ: ಅಲ್ಲ. ಈ ವಿಷಯದಲ್ಲಿ ಮಲಯಾಳಂನವರೂ ಬಹುಕಾಲ ಎಡವಿದವರೇ. ಒಟ್ಟಪ್ಪಾಲಂ ಬಳಿಯ ವರಿಕ್ಕಾಶ್ಶೇರಿ ಮನೆಯನ್ನೇ ನೋಡಿ. ‘ದೇವಾಸುರಂ’ (1993) ಅಲ್ಲಿ ಚಿತ್ರೀಕರಣವಾದ ಮೇಲೆ ಆ ನಂಬೂದಿರಿ ಮನೆ ಎಷ್ಟೋ ಚಿತ್ರಗಳಿಗೆ ತರವಾಡು, ಅಂದರೆ ಕೂಡುಕುಟುಂಬದ ಹಿರಿಮನೆ, ಆಯಿತು. ಮನೆ ಅಸಲಿಯೇ, ಪಕ್ಕದ ಹೊಳೆಯೂ ಅಸಲಿಯೇ. ಆದರೆ ವಳ್ಳುವನಾಡಿನ (ಒಟ್ಟಪ್ಪಾಲಂ ಸುತ್ತಲಿನ ಸೀಮೆ) ಮೇಲ್ಜಾತಿ ಮನೆತನಗಳ ಮಾತು, ಊಟ, ಉತ್ಸವವೇ ಇಡೀ ಕೇರಳದ್ದು ಎಂಬಂತಾಯಿತು. ತಿರುವನಂತಪುರದ ಆಡುಮಾತು, ತ್ರಿಶೂರಿನ ರಾಗ ಹೆಚ್ಚಾಗಿ ಹಾಸ್ಯನಟರ ಪಾಲಿಗೆ ಉಳಿದವು.

ಊರು ಕಥೆಯೊಳಗೆ ಇದೆಯೇ ಎಂದು ತಿಳಿಯಬೇಕಾದರೆ ಕಥೆಯನ್ನು ಎತ್ತಿ ಬೇರೆ ಊರಲ್ಲಿಟ್ಟು ನೋಡಿ. ಅಲ್ಲೂ ಸಲೀಸಾಗಿ ನಡೆದರೆ ಮೊದಲಿನ ಊರು ಬರೀ ಪರದೆ. ‘ಚೆಮ್ಮೀನ್’ (1965) ಹಾಗೆ ಕದಲುವುದಿಲ್ಲ. ಗಂಡ ಕಡಲಿಗಿಳಿದಾಗ ಅವನ ಜೀವ ದಡದಲ್ಲಿರುವ ಹೆಂಡತಿಯ ಶೀಲದ ಮೇಲೆ ನಿಂತಿದೆ ಎಂಬ ಬೆಸ್ತರ ನಂಬಿಕೆ ತೆಗೆದರೆ ಅಲ್ಲಿ ಕಥೆಯೇ ಇಲ್ಲ. ‘ಸುಡಾನಿ ಫ್ರಮ್ ನೈಜೀರಿಯಾ’ (2018) ಕೂಡ ಅಷ್ಟೇ: ತಂಡಕ್ಕೆ ಏಳೇ ಜನರ ಸೆವೆನ್ಸ್ ಫುಟ್ಬಾಲ್, ಅದಕ್ಕೆಂದು ಆಫ್ರಿಕಾದಿಂದ ಬರುವ ಆಟಗಾರರು, ಅವರನ್ನು ಸಾಕುವ ಬಡ ಮ್ಯಾನೇಜರು ಎಲ್ಲವೂ ಮಲಪ್ಪುರಂನ ದಿನನಿತ್ಯ. ತೆಯ್ಯಂ ಮಾತ್ರ ಈಗಲೂ ಎಚ್ಚರಿಕೆಯಿಂದ ನೋಡಬೇಕಾದದ್ದು. ಅದು ಕಣ್ಣೂರು, ಕಾಸರಗೋಡು ಕಡೆಯ, ವೇಷ ಕಟ್ಟಿ ಕುಣಿಯುವ ದೈವಾರಾಧನೆ. ಕಥೆಗೆ ಸಂಬಂಧವಿಲ್ಲದೆ ಕೆಂಪು ಬಣ್ಣಕ್ಕಾಗಿ ತುರುಕಿದರೆ ಕ್ಯಾಲೆಂಡರ್ ಚಿತ್ರವಾಗುತ್ತದೆ.

ಇನ್ನು ಮುಖಗಳು. ‘ಅಂಗಮಾಲಿ ಡೈರೀಸ್’ (2017) ಬರೆದ ಚೆಂಬನ್ ವಿನೋದ್ ಜೋಸ್ ಆ ಊರಿನವರೇ. ತೆರೆಯ ಮೇಲೆ 86 ಹೊಸಬರು. ಹಂದಿಮಾಂಸದ ವ್ಯಾಪಾರದ ಜಗಳವನ್ನು ಪರಿಚಿತ ತಾರೆಯರು ಆಡಿದ್ದರೆ ನಮ್ಮ ಕಣ್ಣು ತಾರೆಯನ್ನೇ ನೋಡುತ್ತಿತ್ತು. ‘ನ್ನಾ ತಾನ್ ಕೇಸ್ ಕೊಡ್’ (2022) ನೋಡಿ: ರಸ್ತೆಗುಂಡಿಯ ಹೆಸರಿನಲ್ಲಿ ಮಂತ್ರಿಯ ಮೇಲೆ ಕೇಸು ಹಾಕುವ ಕಳ್ಳನ ಕಥೆ, ಕಾಸರಗೋಡು ಸೀಮೆಯ ಮಾತು. ನಾಯಕ ಕುಂಚಾಕ್ಕೊ ಬೋಬನ್ ತಾರೆಯೇ, ಆದರೆ ಆ ಮಾತು ಕಲಿತು ಆಡಿದ್ದಾರೆ. ಸುತ್ತಲಿನವರಲ್ಲಿ ಬಹಳ ಮಂದಿ ಸ್ಥಳೀಯರು. ನ್ಯಾಯಾಧೀಶರ ಪಾತ್ರದ ಪಿ.ಪಿ. ಕುಞಿಕೃಷ್ಣನ್ ನಿವೃತ್ತ ಶಾಲಾ ಮೇಷ್ಟರು. ಆ ಪಾತ್ರಕ್ಕೆ ರಾಜ್ಯ ಪ್ರಶಸ್ತಿಯೂ ಬಂತು.

ಇವು ಕನ್ನಡ ಡಬ್ಬಿಂಗ್‌ನಲ್ಲಿ ಸಿಕ್ಕರೂ ಹಾಗೆ ನೋಡಬೇಡಿ. ಡಬ್ಬಿಂಗ್‌ನಲ್ಲಿ ಕಾಸರಗೋಡಿನ ಕಳ್ಳನೂ ‘ಸುಡಾನಿ’ಯ ಮಲಪ್ಪುರಂ ತಾಯಿಯೂ ಒಂದೇ ಪುಸ್ತಕದ ಕನ್ನಡ ಆಡುತ್ತಾರೆ. ಮೂಲ ಧ್ವನಿಯಲ್ಲೇ, ಸಬ್‌ಟೈಟಲ್ ಹಾಕಿಕೊಂಡು ನೋಡಿ. ಭಾಷೆ ಬಾರದಿದ್ದರೂ ಎರಡು ಊರಿನ ರಾಗ ಬೇರೆ ಎಂಬುದು ಕಿವಿಗೆ ಗೊತ್ತಾಗುತ್ತದೆ.